ಏಳು ಸೆಕೆಂಡು, ಹತ್ತೊಂಬತ್ತು ವರ್ಷ

2021ರ ಜುಲೈ 24ನೆಯ ತಾರೀಖು. ಟೋಕಿಯೋ ಒಲಿಂಪಿಕ್ ಕ್ರೀಡೆಗಳು ಆರಂಭವಾದ ಮರುದಿನ. ರಾಜಧಾನಿಯ ನೆರೆಯ ಚಿಬಾ ಪ್ರಾಂತದಲ್ಲಿರುವ ಮಕುಹಾರಿ ಸಭಾಂಗಣದಲ್ಲಿ, 49 ಕಿಲೋ ತೂಕದೊಳಗಿನ ಮಹಿಳೆಯರ ಟೇಕ್ವಾಂಡೊ ಪಂದ್ಯದ ಅಂತಿಮ ಸುತ್ತು ನಡೆಯುತ್ತಿತ್ತು. ಕೊರೋನಾ ವ್ಯಾಧಿಯ ಭಯದಿಂದಾಗಿ ಪ್ರೇಕ್ಷಕರಿಗೆ ಪ್ರವೇಶವಿರಲಿಲ್ಲ. ಸಾಲುಸಾಲು ಖಾಲಿ ಆಸನಗಳ ನಡುವೆ ಎಂಟು ಮೂಲೆಯ ಚಾಪೆಯ ಮೇಲೆ ಇಬ್ಬರು ಹೆಣ್ಣುಮಕ್ಕಳು. ಒಬ್ಬಳು ಸ್ಪೇನ್ ದೇಶದ ಹದಿನೇಳರ ಹುಡುಗಿ ಅಡ್ರಿಯಾನಾ ಸೆರೆಸೊ. ಇನ್ನೊಬ್ಬಳು ಥಾಯ್ಲೆಂಡಿನ ಪಾನಿಪಕ್ ವೊಂಗ್‌ಪತ್ತನಕಿತ್, ವಯಸ್ಸು ಇಪ್ಪತ್ತಮೂರು. ಆಟ ಮುಗಿಯಲು ಏಳು ಸೆಕೆಂಡು ಮಾತ್ರ ಉಳಿದಿದ್ದಾಗ ಸ್ಪೇನಿನ ಬಾಲೆ 10 ಅಂಕ, ಥಾಯ್ ತರುಣಿ 9 ಅಂಕ. ಆ ಏಳು ಸೆಕೆಂಡುಗಳಲ್ಲಿ ಪಾನಿಪಕ್‌ಳ ಕಾಲು ಎದುರಾಳಿಯ ಎದೆಗವಚವನ್ನು ಒಮ್ಮೆ ಸರಿಯಾಗಿ ಮುಟ್ಟಿತು. ಎರಡು ಅಂಕ ಬಂದವು. 11ಕ್ಕೆ 10. ಥಾಯ್ಲೆಂಡಿಗೆ ಟೇಕ್ವಾಂಡೊದಲ್ಲಿ ಮೊತ್ತಮೊದಲ ಒಲಿಂಪಿಕ್ ಸ್ವರ್ಣ ದೊರೆಯಿತು.

ಏಳು ಸೆಕೆಂಡೆಂದರೆ ಒಂದು ದೀರ್ಘಶ್ವಾಸದ ಕಾಲ. ಇಷ್ಟು ಚಿಕ್ಕ ಅವಧಿಯಲ್ಲಿ ನಡೆದುದನ್ನು ಕೆಲವರು ಅದೃಷ್ಟವೆಂದಾರು, ಕೆಲವರು ಪ್ರತಿಭೆಯೆಂದಾರು. ಆದರೆ ಇತಿಹಾಸವನ್ನು ಓದುವವನು ಅಷ್ಟಕ್ಕೇ ತೃಪ್ತನಾಗುವಂತಿಲ್ಲ. ಕದನದ ಗೆಲುವು ಒಂದು ಹಗಲಿನದಾದರೂ ಅದರ ಕಾರಣಗಳು ಒಂದು ಹಗಲಿನವಲ್ಲ. ಕ್ರೀಡಾಂಗಣದ ಮಾತೂ ಹಾಗೆಯೇ. ಆ ಒಂದು ಒದೆತದ ಹಿಂದೆ ಹತ್ತೊಂಬತ್ತು ವರ್ಷಗಳ ಕಥೆಯೊಂದಿದೆ. ಅದು ಪಾನಿಪಕ್ ಒಬ್ಬಳ ಕಥೆಯಲ್ಲ.

ಮೊದಲು ಆಟದ ವಿಚಾರವಾಗಿ ಎರಡು ಮಾತು. ಟೇಕ್ವಾಂಡೊ ಕೊರಿಯ ದೇಶದ ಕಲೆ. 'ಟೇ' ಎಂದರೆ ಕಾಲು, 'ಕ್ವಾನ್' ಎಂದರೆ ಮುಷ್ಟಿ, 'ದೊ' ಎಂದರೆ ಮಾರ್ಗ. ಕಾಲು ಮತ್ತು ಮುಷ್ಟಿಗಳ ಮಾರ್ಗ ಎಂದು ಒಟ್ಟು ಅರ್ಥ. ಇದರ ಅಭಿಮಾನಿಗಳು ಬಹು ಪ್ರಾಚೀನವಾದ ಪರಂಪರೆಯನ್ನು ಹೇಳುವುದುಂಟು. ಆದರೆ ಈ ಹೆಸರು ರೂಢಿಗೆ ಬಂದುದು 1950ರ ದಶಕದ ನಡುವಿನಲ್ಲಿ. ಜಪಾನೀಯರ ಆಳ್ವಿಕೆಯಿಂದ ಬಿಡುಗಡೆಗೊಂಡ ಒಂದು ಜನಾಂಗ ತನ್ನದೇ ಆದ ಶೌರ್ಯವಿದ್ಯೆಯೊಂದನ್ನು ಜಗತ್ತಿನ ಮುಂದಿಡಲು ಹಂಬಲಿಸಿದುದರ ಫಲ ಅದು. 1973ರಲ್ಲಿ ಜಾಗತಿಕ ಸಂಘಟನೆ ರೂಪುಗೊಂಡಿತು. 1988ರಲ್ಲಿ ಸೋಲ್ ನಗರದಲ್ಲಿಯೂ 1992ರಲ್ಲಿ ಬಾರ್ಸಿಲೋನಾದಲ್ಲಿಯೂ ಪ್ರದರ್ಶನದ ಆಟವಾಗಿ ಇದ್ದು, 2000ದ ಸಿಡ್ನಿ ಒಲಿಂಪಿಕ್ಸಿನಲ್ಲಿ ಪೂರ್ಣ ಪ್ರಮಾಣದ ಸ್ಪರ್ಧೆಯಾಯಿತು. ಕರಾಟೆ, ಕುಸ್ತಿಗಳಿಗಿಂತ ಇದು ಬೇರೆಯಾಗಿ ಕಾಣುವುದು ಕಾಲಿನ ಪ್ರಾಧಾನ್ಯದಿಂದ. ಇಲ್ಲಿ ಮುಷ್ಟಿಗೆ ಒಂದೇ ಅಂಕ. ಹೆಚ್ಚಿನ ಫಲವೆಲ್ಲ ಕಾಲಿಗೆ. ತಲೆಗೆ ತಾಗಿದ ಒದೆತಕ್ಕೆ ಮೂರು. ತಿರುಗಿ ಹೊಡೆದರೆ ಇನ್ನೂ ಹೆಚ್ಚು. ಆಟದ ಮೊದಲೂ ಕೊನೆಯಲ್ಲೂ ಎದುರಾಳಿಗಳು ಒಬ್ಬರಿಗೊಬ್ಬರು ತಲೆಬಾಗಿ ವಂದಿಸಬೇಕೆಂಬುದು ನಿಯಮ.

ಪಾನಿಪಕ್ ಹುಟ್ಟಿದ್ದು 1997ರ ಆಗಸ್ಟ್ 8ರಂದು, ದಕ್ಷಿಣ ಥಾಯ್ಲೆಂಡಿನ ಸೂರತ್ ಥಾನಿ ಪ್ರಾಂತದಲ್ಲಿ. ಈ ಊರಿನ ಹೆಸರು ನಮ್ಮ ಕಿವಿಗೆ ಪರಿಚಿತವೆನಿಸುವುದು ಆಕಸ್ಮಿಕವಲ್ಲ. ಮೊದಲು ಅದಕ್ಕೆ ಬಾನ್ ದೋನ್ ಎಂಬ ಹೆಸರಿತ್ತು. 1915ರಲ್ಲಿ ಆ ದೇಶದ ದೊರೆ ವಜಿರಾವುಧ ಸುರಾಷ್ಟ್ರಧಾನಿ ಎಂಬ ಹೆಸರನ್ನಿತ್ತ. ಸಜ್ಜನರ ನಗರಿ ಎಂಬುದು ಅವನ ಭಾವ. ನಮ್ಮ ಗುಜರಾತಿನ ಸೂರತ್ ತಾಪಿ ನದಿಯ ದಂಡೆಯಲ್ಲಿದೆಯಷ್ಟೆ. ಅದನ್ನು ನೆನೆದು ಅಲ್ಲಿಯ ಹೊಳೆಗೂ ತಾಪಿ ಎಂಬ ಹೆಸರೇ ಬಂದಿತು. ವೊಂಗ್‌ಪತ್ತನಕಿತ್ ಎಂಬ ಕುಲನಾಮವನ್ನು ಬಿಡಿಸಿದರೂ ನಮಗೆ ಪರಿಚಿತವಾದ ಮಾತುಗಳೇ ಸಿಗುತ್ತವೆ. 'ವೊಂಗ್' ಎಂಬುದು ವಂಶ. 'ಪತ್ತನ' ಎಂಬುದು ವರ್ಧನದ ಪಾಳಿ ರೂಪವಾದ ವಡ್ಢನದಿಂದ ಬಂದದ್ದು. 'ಕಿತ್' ಎಂಬುದು ಕೃತ್ಯದ ಪಾಳಿ ರೂಪ ಕಿಚ್ಚ. ಬರೆವಣಿಗೆಯಲ್ಲಿ ಮೂಲದ ನೆನಪನ್ನು ಉಳಿಸಿಕೊಂಡು, ಉಚ್ಚಾರಣೆಯಲ್ಲಿ ತಮ್ಮ ನಾಲಗೆಗೆ ತಿರುಗಿಸಿಕೊಳ್ಳುವುದು ಥಾಯ್ ಭಾಷೆಯ ರೀತಿ.

ಇಷ್ಟು ಭಾರವಾದ ಹೆಸರು ಕಾಗದ ಪತ್ರಗಳಿಗೆ ಮಾತ್ರ. ಥಾಯ್ ಜನರಲ್ಲಿ ಪ್ರತಿಯೊಬ್ಬರಿಗೂ ಮನೆಯವರು ಕರೆಯುವ ಪುಟ್ಟ ಹೆಸರೊಂದಿರುತ್ತದೆ. ಪಾನಿಪಕ್‌ಳದು 'ಟೆನಿಸ್'. ಅಕ್ಕನ ಹೆಸರು 'ಬೌಲಿಂಗ್', ಅಣ್ಣನದು 'ಬೇಸ್‌ಬಾಲ್'. ತಂದೆ ಈಜು ಕಲಿಸುವವರು. ಮಕ್ಕಳಿಗೆ ಆಟಗಳ ಹೆಸರನ್ನೇ ಇಟ್ಟ ಈ ಮನೆಯಲ್ಲಿ, ಟೆನಿಸ್ ಎಂಬ ಹುಡುಗಿ ಟೆನಿಸ್ ಆಟವನ್ನು ಹಿಡಿಯದೆ ಟೇಕ್ವಾಂಡೊವನ್ನು ಹಿಡಿದಳು. ಎಳವೆಯಲ್ಲಿಯೇ ತಾಯಿಯನ್ನು ಕಳೆದುಕೊಂಡ ಮಗು ಅದು. ತೆಳ್ಳನೆಯ ಮೈಕಟ್ಟು, ಉದ್ದವಾದ ಕಾಲು. ಕುಸ್ತಿಯ ಅಖಾಡದಲ್ಲಿ ಈ ಮೈಕಟ್ಟನ್ನು ಯಾರೂ ಮೆಚ್ಚಲಾರರು. ಟೇಕ್ವಾಂಡೊದಲ್ಲಿ ಅದೇ ದೊಡ್ಡ ಬಂಡವಾಳ.

ಈಗ ಈ ಕಥೆಯ ಇನ್ನೊಬ್ಬ ಮುಖ್ಯ ವ್ಯಕ್ತಿಯನ್ನು ಕಾಣಬೇಕು. 2002ರಲ್ಲಿ ಚೋಯ್ ಯಂಗ್ ಸೋಕ್ ಎಂಬ ಕೊರಿಯದ ತರುಣ ಶಿಕ್ಷಕರು ಥಾಯ್ಲೆಂಡಿನ ರಾಷ್ಟ್ರೀಯ ತಂಡವನ್ನು ತರಬೇತುಗೊಳಿಸಲು ಬ್ಯಾಂಕಾಕಿಗೆ ಬಂದರು. ಆಗ ಥಾಯ್ಲೆಂಡಿಗೆ ಟೇಕ್ವಾಂಡೊದಲ್ಲಿ ಒಲಿಂಪಿಕ್ ಪದಕವೆಂಬುದಿರಲಿಲ್ಲ. ಒಲಿಂಪಿಕ್ಸಿನಲ್ಲಿ ಆ ದೇಶದ ಹೆಮ್ಮೆಯೆಲ್ಲ ಬಾಕ್ಸಿಂಗಿನದು. 1996ರಲ್ಲಿ ಅಟ್ಲಾಂಟಾದಲ್ಲಿ ಸೊಮ್‌ಲಕ್ ಖಾಮ್‌ಸಿಂಗ್ ಎಂಬ ಬಾಕ್ಸಿಂಗ್ ಪಟು ದೇಶಕ್ಕೆ ಪ್ರಥಮ ಸ್ವರ್ಣವನ್ನು ತಂದಿದ್ದ. ಅಲ್ಲಿಂದ ಟೋಕಿಯೋವರೆಗೆ ಬಂದ ಒಂಬತ್ತು ಸ್ವರ್ಣ ಪದಕಗಳೂ ಒಂದೋ ಬಾಕ್ಸಿಂಗಿನಿಂದ, ಇಲ್ಲವೇ ಹೆಣ್ಣುಮಕ್ಕಳ ಭಾರ ಎತ್ತುವ ಸ್ಪರ್ಧೆಯಿಂದ ಬಂದವು. ಈ ಎರಡು ದಾರಿಗಳ ಆಚೆಗೆ ಮೂರನೆಯದೊಂದಿದೆ ಎಂದು ತೋರಿಸಬೇಕಾಗಿತ್ತು.

ಪರದೇಶದ ಗುರು, ಭಾಷೆ ಬಾರದು, ಕಲಿಯುವವರಿಗೆ ಕಲೆಯೇ ಹೊಸತು. ಹೀಗಿದ್ದೂ ಚೋಯ್ ಬಂದ ಎರಡೇ ವರ್ಷಕ್ಕೆ, 2004ರ ಅಥೆನ್ಸ್ ಒಲಿಂಪಿಕ್ಸಿನಲ್ಲಿ, ಯಾವೋವಪಾ ಬುರಪೋಲ್‌ಚಾಯ್ ಎಂಬ ಹುಡುಗಿ ಕಂಚನ್ನು ಗೆದ್ದಳು. 2008ರಲ್ಲಿ ಬೀಜಿಂಗ್ ನಗರದಲ್ಲಿ ಬುತ್ರೀ ಪುದ್‌ಪೊಂಗ್ ಅಂತಿಮ ಸುತ್ತಿಗೇರಿ, ಚೀನದ ವೂ ಜಿಂಗ್‌ಯು ಎದುರು ಸೋತು, ಬೆಳ್ಳಿ ಪಡೆದಳು. 2012ರ ಲಂಡನ್ನಿನಲ್ಲಿ ಚನಾತಿಪ್ ಸೊನ್‌ಖಾಮ್ ಎಂಬವಳಿಗೆ ಕಂಚು. ಬುತ್ರೀ ಎಂದರೆ ನಮ್ಮ ಪುತ್ರಿಯೇ. ಚನಾತಿಪ್ ಎಂಬುದು ಜನಾಧಿಪ. ಹೆಸರುಗಳ ಮಾತು ಹಾಗಿರಲಿ, ಇಲ್ಲಿ ಗಮನಿಸಬೇಕಾದ ಸಂಗತಿ ಬೇರೆ. ಈ ಮೂವರೂ ಸ್ಪರ್ಧಿಸಿದ್ದು ಒಂದೇ ತೂಕದ ವರ್ಗದಲ್ಲಿ, ಎಂದರೆ 49 ಕಿಲೋದೊಳಗಿನ ವರ್ಗದಲ್ಲಿ. ಇದೇ ವರ್ಗದಲ್ಲಿ ಆ ಬಳಿಕ ಬಂದವಳು ಪಾನಿಪಕ್. ಒಂದು ದೇಶವು ಒಂದೇ ಬಾಗಿಲನ್ನು ನಾಲ್ಕು ನಾಲ್ಕು ವರ್ಷಕ್ಕೊಮ್ಮೆ ತಟ್ಟುತ್ತ ಬಂದಿತು. ಬಾಗಿಲು ಪ್ರತಿ ಸಲವೂ ಸ್ವಲ್ಪ ತೆರೆಯಿತು, ಪೂರ್ಣ ತೆರೆಯಲಿಲ್ಲ.

ಒಲಿಂಪಿಕ್ಸಿನಲ್ಲಿ ಪ್ರತಿ ವರ್ಗಕ್ಕೂ ಒಂದು ದೇಶದಿಂದ ಒಬ್ಬರಿಗೇ ಅವಕಾಶ. ಆದ್ದರಿಂದ ಒಬ್ಬಳು ಹೋದಾಗ ಉಳಿದವರು ಊರಿನಲ್ಲೇ ಉಳಿದು, ಹೋಗುವವಳಿಗೆ ಅಭ್ಯಾಸದ ಎದುರಾಳಿಗಳಾಗುತ್ತಾರೆ. ಗೆದ್ದವಳ ಚಿತ್ರ ಪತ್ರಿಕೆಯಲ್ಲಿ ಬರುತ್ತದೆ. ದಿನವೂ ಅವಳ ಒದೆತ ತಿಂದು ಅವಳನ್ನು ಹರಿತಗೊಳಿಸಿದವರ ಚಿತ್ರ ಬರುವುದಿಲ್ಲ. ಇಂಥ ಅಜ್ಞಾತರು ಇಲ್ಲದೆ ಯಾವ ಪರಂಪರೆಯೂ ನಿಲ್ಲದು. ಇದು ನಮ್ಮ ಸಂಗೀತ, ಯಕ್ಷಗಾನಗಳಿಗೂ ಸಲ್ಲುವ ಮಾತೇ.

ಪಾನಿಪಕ್ ಮೊದಲು ಎಲ್ಲರ ಕಣ್ಣಿಗೆ ಬಿದ್ದುದು 2014ರಲ್ಲಿ. ಚೀನದ ನಾನ್‌ಜಿಂಗ್ ನಗರದಲ್ಲಿ ನಡೆದ ಯುವ ಒಲಿಂಪಿಕ್ಸಿನಲ್ಲಿ 44 ಕಿಲೋ ವರ್ಗದ ಸ್ವರ್ಣ ಅವಳದಾಯಿತು. ಮರುವರ್ಷ ರಷ್ಯದ ಚೆಲ್ಯಾಬಿನ್ಸ್ಕ್ ನಗರದಲ್ಲಿ 46 ಕಿಲೋ ವರ್ಗದಲ್ಲಿ ವಿಶ್ವ ವಿಜೇತೆಯಾದಳು. ಆಗ ಅವಳಿಗೆ ಹದಿನೆಂಟೂ ತುಂಬಿರಲಿಲ್ಲ. ಆದರೆ ವಿಶ್ವ ಸ್ಪರ್ಧೆಯಲ್ಲಿ ಹೆಂಗಸರಿಗೆ ಎಂಟು ತೂಕದ ವರ್ಗಗಳಿದ್ದರೆ ಒಲಿಂಪಿಕ್ಸಿನಲ್ಲಿ ನಾಲ್ಕೇ. ಅಲ್ಲಿ 46 ಕಿಲೋ ವರ್ಗವೆಂಬುದಿಲ್ಲ. ಎಲ್ಲಕ್ಕಿಂತ ಹಗುರವಾದದ್ದೇ 49. ಹೀಗಾಗಿ ಆಕೆ ತನಗಿಂತ ತುಸು ಭಾರವಾದವರ ನಡುವೆ ನಿಂತು ಹೋರಾಡುವುದನ್ನು ಕಲಿಯಬೇಕಾಯಿತು.

2016ರ ರಿಯೋ ಒಲಿಂಪಿಕ್ಸ್. ಹತ್ತೊಂಬತ್ತರ ಈ ಹುಡುಗಿ ಎಂಟರ ಘಟ್ಟದಲ್ಲಿ ಕೊರಿಯದ ಕಿಮ್ ಸೋ ಹೀ ಎಂಬವಳನ್ನು ಎದುರಿಸಿದಳು. ಕೊನೆಯ ಕ್ಷಣಗಳವರೆಗೆ ಮುಂದಿದ್ದವಳು ಪಾನಿಪಕ್. ಆಟ ಮುಗಿಯಲು ಕೆಲವೇ ಸೆಕೆಂಡುಗಳಿದ್ದಾಗ ಕಿಮ್‌ಳ ಕಾಲು ತಲೆಗೆ ತಾಗಿತು. ಮೂರು ಅಂಕ ಒಮ್ಮೆಗೇ ಹೋದವು. 5ಕ್ಕೆ 6. ಒಂದೇ ಒಂದು ಅಂಕದಿಂದ ಸೋಲು. ಟೇಕ್ವಾಂಡೊದಲ್ಲಿ ಒಂದು ವಿಚಿತ್ರ ನಿಯಮವಿದೆ. ನಿಮ್ಮನ್ನು ಸೋಲಿಸಿದವರು ಅಂತಿಮ ಸುತ್ತಿಗೇರಿದರೆ ಮಾತ್ರ ನಿಮಗೆ ಕಂಚಿಗಾಗಿ ಹೋರಾಡುವ ಮರು ಅವಕಾಶ. ತನ್ನನ್ನು ಕೆಡವಿದವಳು ಮುಂದಕ್ಕೂ ಗೆಲ್ಲಲಿ ಎಂದು ಸೋತವಳು ಹಾರೈಸುತ್ತ ಕೂರಬೇಕು. ಕಿಮ್ ಗೆದ್ದಳು, ಸ್ವರ್ಣವನ್ನೇ ಪಡೆದಳು. ಪಾನಿಪಕ್‌ಗೆ ಮರು ಅವಕಾಶ ದೊರೆತು ಕಂಚು ಬಂದಿತು. ಅದೇ ಕೂಟದಲ್ಲಿ ತಾವಿನ್ ಹಾನ್‌ಪ್ರಾಬ್ ಎಂಬ ತರುಣ ಪುರುಷರ ವಿಭಾಗದಲ್ಲಿ ಬೆಳ್ಳಿ ಗೆದ್ದ. ಲೆಕ್ಕದಲ್ಲಿ ಥಾಯ್ಲೆಂಡಿಗೆ ಇದು ಸಮೃದ್ಧಿಯೇ. ಆದರೆ ಸ್ವರ್ಣದ ಬಾಗಿಲು ಈ ಸಲವೂ ತೆರೆಯಲಿಲ್ಲ.

ಸೋಲನ್ನು ಮನುಷ್ಯ ಎರಡು ಬಗೆಯಲ್ಲಿ ನೆನೆಯುತ್ತಾನೆ. ಹುಣ್ಣಿನಂತೆ ಕೆರೆದುಕೊಳ್ಳುವುದು ಒಂದು ಬಗೆ. ಪಾಠದಂತೆ ಓದಿಕೊಳ್ಳುವುದು ಇನ್ನೊಂದು. ಪಾನಿಪಕ್‌ಳ ಮುಂದಿನ ಐದು ವರ್ಷಗಳನ್ನು ನೋಡಿದರೆ ಎರಡನೆಯದನ್ನೇ ಆಕೆ ಆರಿಸಿಕೊಂಡಳೆಂದು ಕಾಣುತ್ತದೆ. 2018ರಲ್ಲಿ ಜಕಾರ್ತದ ಏಷ್ಯನ್ ಕ್ರೀಡೆಗಳಲ್ಲಿ ಸ್ವರ್ಣ. 2019ರಲ್ಲಿ ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ, ಈ ಸಲ 49 ಕಿಲೋ ವರ್ಗದಲ್ಲಿಯೇ, ಮತ್ತೆ ವಿಶ್ವ ವಿಜೇತೆ. ಟೋಕಿಯೋಗೆ ಹೋಗುವಾಗ ಆಕೆ ತನ್ನ ವರ್ಗದಲ್ಲಿ ಜಗತ್ತಿಗೇ ಮೊದಲಿಗಳು. ಒಲಿಂಪಿಕ್ಸ್ ಒಂದು ವರ್ಷ ಮುಂದಕ್ಕೆ ಹೋದದ್ದೂ ಅವಳ ಏಕಾಗ್ರತೆಯನ್ನು ಕೆಡಿಸಲಿಲ್ಲ.

ಟೋಕಿಯೋದಲ್ಲಿ ಎದುರಾದ ಸೆರೆಸೊ ಸಾಮಾನ್ಯಳಲ್ಲ. ಬೀಜಿಂಗ್, ಲಂಡನ್ ಎರಡೂ ಕಡೆ ಸ್ವರ್ಣ ಗೆದ್ದಿದ್ದ ವೂ ಜಿಂಗ್‌ಯುವನ್ನು ಅಂದೇ ಎಂಟರ ಘಟ್ಟದಲ್ಲಿ 33ಕ್ಕೆ 2ರಂತೆ ಮಣಿಸಿ ಬಂದಿದ್ದಳು. ಹದಿಮೂರು ವರ್ಷಗಳ ಹಿಂದೆ ಬುತ್ರೀಯನ್ನು ಸೋಲಿಸಿದ್ದ ಚೀನದ ಮಹಾಪಟು ಹೀಗೆ ಒಬ್ಬ ಬಾಲಿಕೆಯ ಕೈಯಲ್ಲಿ ತೆರೆಮರೆಗೆ ಸರಿದಳು. ಅಂತಿಮ ಸುತ್ತಿನ ಕೊನೆಯ ಏಳು ಸೆಕೆಂಡುಗಳ ವಿಷಯ ಆಗಲೇ ಹೇಳಿದೆ. ಅದಕ್ಕೊಂದು ಟಿಪ್ಪಣಿ ಸೇರಿಸಬೇಕು. ರಿಯೋದಲ್ಲಿ ಎದೆಗವಚಕ್ಕೆ ತಾಗಿದ ಒದೆತಕ್ಕೆ ಒಂದೇ ಅಂಕವಿತ್ತು. 2017ರಲ್ಲಿ ನಿಯಮ ಬದಲಾಗಿ ಎರಡಾಯಿತು. ಹಳೆಯ ಲೆಕ್ಕವೇ ಇದ್ದಿದ್ದರೆ ಆ ಕೊನೆಯ ಒದೆತ 9ನ್ನು 10 ಮಾಡಿ ಸರಿಸಮ ತರುತ್ತಿತ್ತೇ ಹೊರತು ಗೆಲುವನ್ನಲ್ಲ. ಒಂದು ಅಂಕದಿಂದ ಸೋತವಳು ಒಂದು ಅಂಕದಿಂದಲೇ ಗೆದ್ದಳು. ಅಲ್ಲಿ ಕೊನೆಯ ಗಳಿಗೆ ಆಕೆಯಿಂದ ಕಸಿದುಕೊಂಡದ್ದನ್ನು ಇಲ್ಲಿ ಕೊನೆಯ ಗಳಿಗೆಯೇ ಮರಳಿ ಕೊಟ್ಟಿತು.

ಇದನ್ನು ವಿಧಿಯ ನ್ಯಾಯವೆಂದು ಹೇಳಿ ಮುಗಿಸುವುದು ಸುಲಭ. ನನಗೆ ಹಾಗೆ ತೋರುವುದಿಲ್ಲ. ರಿಯೋದಲ್ಲಿ ಪಾನಿಪಕ್ ಕಲಿತದ್ದು, ಗಂಟೆ ಬಾರಿಸುವವರೆಗೂ ಆಟ ಮುಗಿದಿಲ್ಲವೆಂಬ ಮಾತು. ಇದನ್ನು ಎಲ್ಲರೂ ಬಲ್ಲರು. ಆದರೆ ಬುದ್ಧಿಯಿಂದ ಬಲ್ಲುದು ಬೇರೆ, ಕಾಲು ಬಲ್ಲುದು ಬೇರೆ. ಏಳು ಸೆಕೆಂಡು ಉಳಿದಿದ್ದಾಗ ಯೋಚಿಸಲು ಬಿಡುವಿರುವುದಿಲ್ಲ. ಮೈಗೆ ಒಗ್ಗಿದ್ದು ಮಾತ್ರ ಆಗ ಕೈಹಿಡಿಯುತ್ತದೆ.

ಮೈಗೆ ಹೀಗೆ ಒಗ್ಗಿಸುವ ಸಾಧನೆಗೆ ಬೆಲೆಯುಂಟು. ಚೋಯ್ ಬಹು ಕಠಿಣ ಶಿಸ್ತಿನ ಗುರು ಎಂಬುದು ಆ ದೇಶಕ್ಕೆಲ್ಲ ಗೊತ್ತು. 2014ರಲ್ಲಿ ಕೊರಿಯದ ಒಂದು ಪಂದ್ಯಾವಳಿಯ ಸಂದರ್ಭದಲ್ಲಿ ಅವರು ಶಿಷ್ಯೆಯೊಬ್ಬಳನ್ನು ಹೊಡೆದರೆಂಬ ದೂರು ಎದ್ದು, ಥಾಯ್ಲೆಂಡಿನಲ್ಲೆಲ್ಲ ದೊಡ್ಡ ಚರ್ಚೆಯಾಯಿತು. ಗುರುವಿನ ಪೆಟ್ಟು ಶಿಷ್ಯನ ಹಿತಕ್ಕೆ ಎಂದವರಿದ್ದರು. ಕಾಲ ಬದಲಾಗಿದೆ, ಇದು ಸಲ್ಲದು ಎಂದವರೂ ಇದ್ದರು. ನಮ್ಮ ನಾಡಿನ ಮಠದಯ್ಯಗಳ ಬೆತ್ತವನ್ನು ಕುರಿತೂ ಇಂಥ ವಾದ ನಡೆದದ್ದುಂಟು. ಮುಂದೆ ಬಂದ ಪದಕಗಳನ್ನು ತೋರಿಸಿ ಆ ಪ್ರಶ್ನೆಯನ್ನು ಮುಚ್ಚಿಹಾಕಬಾರದು. ಚಿನ್ನ ಎಷ್ಟೇ ಹೊಳೆದರೂ ಪೆಟ್ಟನ್ನು ಧರ್ಮವಾಗಿಸದು. ಆದರೆ ಚೋಯ್ ಅವರ ಸಾಧನೆಯನ್ನು ಪೆಟ್ಟೊಂದರಿಂದಲೇ ವಿವರಿಸುವುದೂ ಅನ್ಯಾಯ. ಬೆದರಿಕೆಯಿಂದ ಒಂದು ಪಂದ್ಯವನ್ನು ಗೆಲ್ಲಿಸಬಹುದೇನೋ. ಎರಡು ದಶಕ ಒಂದು ಪರಂಪರೆಯನ್ನು ನಡೆಸಲಾಗದು. ಅದಕ್ಕೆ ಪ್ರೀತಿ ಬೇಕು, ನೆಲೆ ನಿಲ್ಲುವ ಮನಸ್ಸು ಬೇಕು. ಥಾಯ್ ಜನ ಅವರನ್ನು 'ಕೋಚ್ ಚೇ' ಎಂದು ಅಕ್ಕರೆಯಿಂದ ಕರೆಯತೊಡಗಿದರು. ಅವರೂ ತನ್ನ ಹುಟ್ಟೂರಿನ ಪೌರತ್ವವನ್ನು ಬಿಟ್ಟು 2022ರಲ್ಲಿ ಥಾಯ್ ಪ್ರಜೆಯಾದರು. ಚಾಚಾಯ್ ಎಂಬ ಥಾಯ್ ಹೆಸರನ್ನು ತಳೆದರು. ಕಲಿಸಲು ಬಂದವರು ಅಲ್ಲಿಯವರೇ ಆದರು.

ಒಮ್ಮೆ ಗೆದ್ದವಳು ಮತ್ತೆ ಗೆಲ್ಲುವುದು ಇನ್ನೂ ಕಷ್ಟ. ಮೊದಲು ಆಕೆಯೊಬ್ಬಳು ಎಲ್ಲರನ್ನೂ ಅಭ್ಯಸಿಸಿದ್ದಳು. ಈಗ ಎಲ್ಲರೂ ಆಕೆಯೊಬ್ಬಳನ್ನೇ ಅಭ್ಯಸಿಸುತ್ತಾರೆ. ಮೈಯ ನೋವುಗಳೂ ಹೆಚ್ಚಿದ್ದವು. ಹಾಗಿದ್ದೂ 2023ರಲ್ಲಿ ನಡೆದ ಹಾಂಗ್‌ಜೌ ಏಷ್ಯನ್ ಕ್ರೀಡೆಗಳಲ್ಲಿ ಚೀನದ ಗುವೊ ಚಿಂಗ್‌ಳನ್ನು ಅವಳದೇ ನೆಲದಲ್ಲಿ ಸೋಲಿಸಿ ಸ್ವರ್ಣವನ್ನು ಉಳಿಸಿಕೊಂಡಳು. ಮರುವರ್ಷ ಪ್ಯಾರಿಸ್ಸಿನಲ್ಲಿ ಅದೇ ಇಬ್ಬರು ಮತ್ತೆ ಎದುರಾದರು. ಈ ಸಲದ ಅಂಗಣ 1900ರ ವಿಶ್ವ ಪ್ರದರ್ಶನಕ್ಕಾಗಿ ಕಟ್ಟಿದ, ಗಾಜಿನ ಮಹಾ ಮೇಲ್ಛಾವಣಿಯ ಗ್ರಾಂ ಪಾಲೆ ಭವನ. ಟೋಕಿಯೋದ ಮೌನಕ್ಕೆ ಬದಲಾಗಿ ಇಲ್ಲಿ ಜನಸಾಗರದ ಘೋಷ. ನಿಯಮವೂ ಬದಲಾಗಿತ್ತು. ಒಟ್ಟು ಅಂಕಗಳ ಲೆಕ್ಕವಿಲ್ಲ; ಮೂರು ಸುತ್ತುಗಳಲ್ಲಿ ಎರಡನ್ನು ಗೆಲ್ಲಬೇಕು. ಮೊದಲ ಸುತ್ತು ಪಾನಿಪಕ್‌ಳದು, ಎರಡನೆಯದು ಗುವೊಳದು, ಮೂರನೆಯದು ಮತ್ತೆ ಪಾನಿಪಕ್‌ಳದು. 2024ರ ಆಗಸ್ಟ್ 7. ಮರುದಿನ ಆಕೆಗೆ ಇಪ್ಪತ್ತೇಳು ತುಂಬುವುದರಲ್ಲಿತ್ತು.

ಒಲಿಂಪಿಕ್ಸಿನಲ್ಲಿ ಎರಡು ಸ್ವರ್ಣ ಗೆದ್ದ ಥಾಯ್ ವ್ಯಕ್ತಿ ಆಕೆಗಿಂತ ಮೊದಲು ಯಾರೂ ಇರಲಿಲ್ಲ. ಟೋಕಿಯೋದಲ್ಲಿಯೂ ಪ್ಯಾರಿಸ್ಸಿನಲ್ಲಿಯೂ ಆ ದೇಶಕ್ಕೆ ದೊರೆತ ಏಕೈಕ ಸ್ವರ್ಣ ಅವಳದೇ. ಅಥೆನ್ಸಿನಿಂದ ಪ್ಯಾರಿಸ್ಸಿನವರೆಗೆ, ಆರು ಒಲಿಂಪಿಕ್ಸುಗಳಲ್ಲಿ, ಒಂದೇ ವರ್ಗದಲ್ಲಿ ಆರು ಪದಕಗಳು: ಕಂಚು, ಬೆಳ್ಳಿ, ಕಂಚು, ಕಂಚು, ಸ್ವರ್ಣ, ಸ್ವರ್ಣ. ಒಂದು ಸಲವೂ ಬರಿಗೈಯಿಲ್ಲ. ಪ್ಯಾರಿಸ್ಸಿನ ಗೆಲುವಿನೊಡನೆ ಪಾನಿಪಕ್ ಸ್ಪರ್ಧೆಗೆ ವಿದಾಯ ಹೇಳಿದಳು. ಹಂಬಲದ ಉತ್ತುಂಗದಲ್ಲಿ ನಿಂತು ಕೆಳಗಿಳಿಯುವ ವಿವೇಕ ಎಲ್ಲರಿಗೂ ಬರುವುದಲ್ಲ. ಎಷ್ಟು ಹಾಡಬೇಕೆಂಬುದಕ್ಕಿಂತ ಎಲ್ಲಿ ನಿಲ್ಲಿಸಬೇಕೆಂಬುದನ್ನು ಅರಿತ ಗಾಯಕರು ನಮ್ಮಲ್ಲೂ ವಿರಳ.

ಈ ಕಥೆಯನ್ನು ಕೇಳಿ, ಛಲವಿದ್ದರೆ ಎಲ್ಲವೂ ಸಾಧ್ಯವೆಂಬ ನೀತಿಯನ್ನು ತೆಗೆಯುವವರು ತೆಗೆಯಲಿ. ಅದು ಪೂರ್ಣ ಸತ್ಯವಲ್ಲ. ಯಾವೋವಪಾಳಿಗೂ ಛಲವಿತ್ತು, ಬುತ್ರೀಗೂ ಚನಾತಿಪ್‌ಗೂ ಇತ್ತು. ಏಳು ಸೆಕೆಂಡುಗಳಲ್ಲಿ ಎಲ್ಲವನ್ನೂ ಕಳೆದುಕೊಂಡ ಸ್ಪೇನಿನ ಹದಿನೇಳರ ಬಾಲೆಗೂ ಇತ್ತು. ಛಲದಲ್ಲಿ ಸಮನಾದವರ ನಡುವೆ ಒಂದು ಅಂಕದ ಅಂತರ ಇದ್ದೇ ಇರುತ್ತದೆ, ಅದು ಯಾರದೋ ಒಬ್ಬರ ಪಾಲಿಗೆ ಹೋಗಲೇಬೇಕು. ಲೋಕ ಸ್ವರ್ಣವನ್ನು ನೆನಪಿಡುತ್ತದೆ, ಕಂಚನ್ನು ಮರೆಯುತ್ತದೆ. ಇತಿಹಾಸಕಾರನ ಕೆಲಸ ಕಂಚನ್ನೂ ನೆನಪಿಡುವುದು. ಅಥೆನ್ಸಿನ ಕಂಚು ಇಲ್ಲದಿದ್ದರೆ ಬೀಜಿಂಗಿನ ಬೆಳ್ಳಿಯನ್ನು ಆಶಿಸುವ ಧೈರ್ಯ ಬರುತ್ತಿರಲಿಲ್ಲ. ರಿಯೋದ ಸೋಲಿಲ್ಲದಿದ್ದರೆ ಟೋಕಿಯೋದ ಕೊನೆಯ ಒದೆತವಿರುತ್ತಿರಲಿಲ್ಲ.

ಟೇಕ್ವಾಂಡೊದಲ್ಲಿ ಆಟ ಮುಗಿದ ಮೇಲೆ ಗೆದ್ದವರೂ ಸೋತವರೂ ಎದುರುಬದುರಾಗಿ ನಿಂತು ತಲೆಬಾಗುತ್ತಾರೆಂದು ಹೇಳಿದೆ. ಸೋತವರು ಗೆದ್ದವರಿಗೆ ಬಾಗುವುದರಲ್ಲಿ ವಿಶೇಷವಿಲ್ಲ. ಗೆದ್ದವರೂ ಅಷ್ಟೇ ಬಾಗಬೇಕೆಂಬ ನಿಯಮವನ್ನು ಮಾಡಿದವರು, ಗೆಲುವು ಒಬ್ಬರ ಸೊತ್ತಲ್ಲವೆಂಬುದನ್ನು ಚೆನ್ನಾಗಿ ಬಲ್ಲವರಾಗಿರಬೇಕು.